ಅತ್ತಿಗೆಯ ದನಿಯಿದ್ದ ಪೆಟ್ಟಿಗೆ

ಆ ಬಾಗಿಲು ಒಂದಿಷ್ಟು ಮುಂದಕ್ಕೆ ಹಾಕು. ಚಿಲಕ ಬೇಡ... ಸಾಕು. ನಗೋರು ಈಗಲೇ ನಕ್ಕು ಮುಗಿಸಿಬಿಡಿ. ಮಧ್ಯೆ ಬಾಯಿ ಹಾಕಿದರೆ ನಾನು ಎದ್ದು ಹೋಗೋಳು, ನನ್ನ ಸ್ವಭಾವ ನಿಮಗೆ ಗೊತ್ತು. ಸತ್ತವರು ಕಾಡೋ ಕತೆ ನೀವು ಬೇಕಾದಷ್ಟು ಕೇಳಿದ್ದೀರಿ. ಇದು ಬದುಕಿರೋರ ದನಿ ಕಾಡಿದ್ದು.

ನಮ್ಮ ದೊಡ್ಡಪ್ಪನ ಮಗ, ಅಣ್ಣ ಅಂತೀನಲ್ಲ, ಅವನಿಗೆ ಆದದ್ದು. ರಾತ್ರಿ ಎಂಟೂಕಾಲು. ಕೆಲಸ ಮುಗಿಸಿ ಆಸ್ಪತ್ರೆಯ ಹಿಂದಿನ ಗೇಟಿನ ಕಡೆ ನಡ್ಕೊಂಡು ಬರ್ತಿದ್ದ. ಆ ದಾರೀಲಿ ಒಂದು ಹಳೇ ಬಾವಿ. ಬಾಯಿಗೆ ಕಬ್ಬಿಣದ ತಗಡು ಮುಚ್ಚಿ, ಮೇಲೆ ಕಲ್ಲು ಹೇರಿ ಎಷ್ಟೋ ವರ್ಷ ಆಗಿದೆ. ಅದರ ಪಕ್ಕಕ್ಕೆ ಬಂದಾಗ... ಕೇಳಿಸ್ತು.

ಪೀಂ... ಒಂದು ಸೆಕೆಂಡು. ಆಮೇಲೆ ಒಂದು ಸೆಕೆಂಡು ಏನೂ ಇಲ್ಲ. ಮತ್ತೆ ಪೀಂ...

ಕಪ್ಪೆ ಅಲ್ಲ, ಜೀರುಂಡೆ ಅಲ್ಲ. ಅಣ್ಣನಿಗೆ ಆ ಸದ್ದು ಚೆನ್ನಾಗಿ ಗೊತ್ತು. ಆಸ್ಪತ್ರೆಯ ಕಂಪ್ಯೂಟರ್ ನೋಡ್ಕೊಳ್ಳೋದು ಅವನ ಕೆಲಸ, ಅವನ ಕೋಣೇಲಿ ಫೈಲುಗಳನ್ನ ಇಡೋ ಒಂದು ಡಿಸ್ಕಿನ ಪೆಟ್ಟಿಗೆ ಇದೆ, ಅದು ಕೂಗೋ ಸದ್ದು. ಮೂರು ವಾರದ ಹಿಂದೆ ಅದರ ಬಾಯಿ ಮುಚ್ಚಿಸಿದವನೂ ಅವನೇ.

ತಾಳಿ, ಆ ಪೆಟ್ಟಿಗೆಯಲ್ಲಿ ಏನಿತ್ತು ಅಂತ ಮೊದಲು ಹೇಳ್ತೀನಿ. ನಮ್ಮ ಅತ್ತಿಗೆಯ ದನಿ ಇತ್ತು.

ಅತ್ತಿಗೆಗೆ ಗಂಟಲಲ್ಲಿ ಗಡ್ಡೆ. ಧ್ವನಿಪೆಟ್ಟಿಗೆ ಪೂರಾ ತೆಗೀಬೇಕು, ಇಲ್ಲದಿದ್ದರೆ ಜೀವ ಉಳಿಯಲ್ಲ ಅಂದ್ರು. ಆ ಆಸ್ಪತ್ರೇಲಿ ಇಂಥವರಿಗೆ ಅಂತಲೇ ಒಂದು ವ್ಯವಸ್ಥೆ ಇದೆ. ಆಪರೇಷನ್ನಿಗೆ ಮುಂಚೆ ದಿನಾ ಸಂಜೆ ಕೂರಿಸಿ ಮಾತಾಡಿಸ್ತಾರೆ. ಅಂಕಿ, ವಾರದ ಹೆಸರು, ಮನೆಮಂದಿ ಹೆಸರು, ಬೈಗುಳ ಬೇಕಾದರೂ ಸರಿ. ಎಲ್ಲಾ ರೆಕಾರ್ಡ್ ಮಾಡಿಟ್ಟು, ಆಮೇಲೆ ಕೈಗೊಂದು ಯಂತ್ರ ಕೊಡ್ತಾರೆ. ಬೆರಳಲ್ಲಿ ಬರೆದರೆ ಅವರದೇ ದನೀಲಿ ಅದು ಮಾತಾಡುತ್ತೆ. ಅತ್ತಿಗೆ ಹದಿನೈದು ಸಂಜೆ ಮಾತಾಡಿದ್ಲು. ಅವಳ ಮಗಳು, ನಮ್ಮ ಪುಟ್ಟಿಗೆ ಆಗ ನಾಲ್ಕು ವರ್ಷ. ಅವಳನ್ನ ಬೆಳಗ್ಗೆ ಎಬ್ಬಿಸೋದು ಹೇಗೆ, ಅದನ್ನೇ ಮೂವತ್ತು ಥರ ಹೇಳಿಟ್ಟಿದ್ಲಂತೆ. ಮುದ್ದಿನಿಂದ, ಸಿಟ್ಟಿನಿಂದ, "ಇನ್ನೊಂದು ಸಲ ಕರೆಯಲ್ಲ ನೋಡು" ಅಂತ.

ಕೊನೇ ಸಂಜೆ ಪಕ್ಕದ ಕೋಣೆಯ ಪೆಟ್ಟಿಗೆ ಪೀಂ ಅನ್ನೋಕೆ ಶುರು ಮಾಡ್ತು. ಅದರಲ್ಲಿ ಎಂಟು ಡಿಸ್ಕು. ಒಂದು ಸತ್ತರೆ ಉಳಿದ ಏಳು ಸೇರಿ ಅದರ ಪಾಲನ್ನೂ ಹೊತ್ತುಕೊಂಡಿರ್ತವೆ. ಎರಡು ಹೋದರೆ ಮುಗೀತು, ಎಂಟರದ್ದೂ ಮಣ್ಣುಪಾಲು. ಒಂದು ಹೋಗಿದೆ, ಬೇಗ ಬದಲಾಯಿಸು ಅಂತ ಅದು ಬಡ್ಕೊಳ್ತಿತ್ತು. ಆದರೆ ಆ ಸದ್ದು ಗೋಡೆ ದಾಟಿ ಅತ್ತಿಗೆ ಮಾತಿನ ಮೇಲೆ ಬೀಳ್ತಿತ್ತು. ಅಣ್ಣ ಹೋಗಿ ಪೆಟ್ಟಿಗೆ ಮುಂಭಾಗದ ಗುಂಡಿ ಒತ್ತಿ ಅದನ್ನ ಅಡಗಿಸಿದ. "ಹೇಳು, ಈಗ ಹೇಳು" ಅಂದ. ಅವನ ಜಾಗದಲ್ಲಿ ನಾನಿದ್ದರೂ ಅದನ್ನೇ ಮಾಡ್ತಿದ್ದೆ.

ಅದಾಗಿ ಎರಡು ದಿನಕ್ಕೆ ಆಪರೇಷನ್. ಆಮೇಲೆ ಮೂರು ವಾರ ವಾರ್ಡು, ಮನೆ, ಔಷಧಿ. ಅತ್ತಿಗೆಯ ಮಾತಾಡೋ ಯಂತ್ರ ಇನ್ನೂ ತಯಾರಾಗಿರಲಿಲ್ಲ. ಸತ್ತ ಡಿಸ್ಕು ಎಂಟರಲ್ಲಿ ಯಾವುದು ಅಂತಲೂ ಗೊತ್ತಿಲ್ಲ. ಪೆಟ್ಟಿಗೆಯ ಕೆಂಪು ದೀಪಗಳು ಎಂದೋ ಕೆಟ್ಟು ಕೂತಿವೆ. ಯಾವುದು ಅಂತ ಹೇಳೋಕೆ ಒಂದು ಸಾಫ್ಟ್‌ವೇರ್ ಇದೆ, ಅದು ತೆರೀತಿಲ್ಲ. ಆ ತಿಂಗಳು ವಿಂಡೋಸ್ ತಾನಾಗೇ ಹೊಸದಾಗಿತ್ತು. ಯಾವಾಗ ಒತ್ತಿದರೂ ಒಂದೇ ಮಾತು... ಇಂಥ ಲೈಬ್ರರಿ ಫೈಲು ಸಿಗ್ತಿಲ್ಲ.

ನಾನು ಬಟ್ಟೆ ಹೊಲಿಯೋಳು, ನನಗೆ ಅರ್ಥ ಆದ ಹಾಗೆ ಹೇಳ್ತೀನಿ. ಹೊಲಿಗೆ ಮಷೀನಿಗೆ ಬಾಬಿನ್ ಕೇಸ್, ಕೆಳಗಿನ ದಾರದ ಡಬ್ಬಿ, ಇದ್ದ ಹಾಗೆ ಆ ಫೈಲು. ಇಷ್ಟೇ ಇಷ್ಟು, ಅದಿಲ್ಲದೆ ಮಷೀನು ಓಡಲ್ಲ. ಬೇರೆ ಮಷೀನಿಂದು ತಂದು ಹಾಕಿದರೆ ಕೂರೋದೇನೋ ಕೂರುತ್ತೆ. ಓಡುತ್ತೆ ಕೂಡ. ಆದರೆ ಎಲ್ಲೋ ಒಂದು ಕಡೆ ಹೊಲಿಗೆ ಬಿಡುತ್ತೆ, ಎಲ್ಲಿ ಅಂತ ಬಟ್ಟೆ ಬಿಚ್ಚಿಕೊಂಡ ಮೇಲೇ ಗೊತ್ತಾಗೋದು.

ಹೊಸ ಡಿಸ್ಕು ಅವತ್ತು ಸಂಜೆ ತಾನೇ ಬಂದಿತ್ತು. ನಾಳೆ ಬೆಳಗ್ಗೆ ನೋಡೋಣ ಅಂತ ಮೇಜಿನ ಮೇಲಿಟ್ಟು ಹೊರಟಿದ್ದ ಪುಣ್ಯಾತ್ಮ. ಆಗಲೇ ಬಾವಿ ಕೂಗಿದ್ದು.

ಗೇಟಿನ ಹತ್ತಿರ ವಾಚ್‌ಮನ್ ಕೂತಿದ್ದ. ಅಣ್ಣ ಮೆಲ್ಲಗೆ ಕೇಳಿದ.

"ಬಾವಿಯೊಳಗೆ ಏನೋ ಕೂಗ್ತಿದೆ. ಕೇಳಿಸ್ತಾ?"

"ಇಲ್ಲವಲ್ಲ ಸಾರ್. ಒಣ ಬಾವಿ ಅದು."

ವಾಚ್‌ಮನ್ ತಾನೇ ಮುಂದುವರಿಸಿ ಕೇಳಿದ, "ಮೇಡಂನ ಒಳಗೇ ಬಿಟ್ಟು ಬಂದ್ರಾ?"

"ಯಾವ ಮೇಡಂ?"

"ನಿಮ್ಮ ಮನೆಯವರು ಸಾರ್. ರೆಕಾರ್ಡಿಂಗ್ ರೂಮಲ್ಲಿ ಈಗ ತಾನೇ ಎಣಿಸ್ತಿದ್ರಲ್ಲ. ನಾನು ಕಿಟಕಿ ಹಾಕೋಕೆ ಹೋದಾಗ ಕೇಳಿಸ್ತು."

ಅತ್ತಿಗೆ ಆ ಹೊತ್ತಿಗೆ ಮನೇಲಿ ನನ್ನ ಎದುರಿಗೆ ಕೂತಿದ್ಲು. ಕುತ್ತಿಗೇಲಿ ತೂತು, ಅದರ ಮೇಲೊಂದು ತೆಳು ಬಟ್ಟೆ. ಉಸಿರಾಡಿದರೆ ಸುಯ್ ಅನ್ನೋದು ಬಿಟ್ಟರೆ ಅವಳಿಂದ ಬೇರೆ ಸದ್ದಿಲ್ಲ.

ಅಣ್ಣ ವಾಪಸ್ ಹೋದ. ಉದ್ದ ಓಣಿ, ಒಂದೇ ದೀಪ. ರೆಕಾರ್ಡಿಂಗ್ ರೂಮಿನ ಬಾಗಿಲು ತೆರೆದು ನೋಡಿದ. ಕುರ್ಚಿ ಖಾಲಿ, ಮೈಕಿನ ಮೇಲೆ ಮುಸುಕು. ಪಕ್ಕದ ತನ್ನ ಕೋಣೆಗೆ ಬಂದ. ಪೆಟ್ಟಿಗೆಯ ಫ್ಯಾನು ಎಂದಿನ ಹಾಗೆ ಗುಂಯ್ ಅಂತಿತ್ತು. ಆದರೆ ಅದರೊಳಗೆ ಇನ್ನೊಂದು ಸದ್ದು ಸೇರಿತ್ತು. ಟಿಕ್... ಟಿಕ್... ಕರ್ರ್. ಇನ್ನೊಂದು ಡಿಸ್ಕು ಹೊರಡೋಕೆ ತಯಾರಾದಾಗ ಹಾಗೆ ಅನ್ನುತ್ತಂತೆ.

ಮೊದಲು ಎಲ್ಲಾ ನಕಲು ತೆಗೀಬೇಕಿತ್ತು. ಅವನಿಗೂ ಗೊತ್ತು, ನೀವೇನೂ ಹೇಳಿಕೊಡಬೇಡಿ. ನಕಲು ಇಡೋಕೆ ಜಾಗ ಬೇಕು ಅಂತ ಎರಡು ಸಲ ಅರ್ಜಿ ಬರೆದಿದ್ದ, ಎರಡು ಸಲವೂ ಮುಂದಿನ ತಿಂಗಳು ಅಂದಿದ್ರು. ಈಗ ಸತ್ತದ್ದನ್ನ ತೆಗೆದು ಹೊಸದು ಹಾಕಿಬಿಟ್ಟರೆ ಸಾಕು, ರಾತ್ರಿಯೆಲ್ಲಾ ಕೂತು ಅದು ತನ್ನಷ್ಟಕ್ಕೆ ತುಂಬಿಕೊಳ್ಳುತ್ತೆ. ಅದಕ್ಕೆ ಸತ್ತದ್ದು ಯಾವುದು ಅಂತ ಗೊತ್ತಾಗಬೇಕು.

ಮೂಲೇಲಿ ಒಂದು ಹಳೇ ಕಂಪ್ಯೂಟರ್ ಇತ್ತು. ಅಣ್ಣನಿಗೆ ಮುಂಚೆ ಆ ಕೆಲಸದಲ್ಲಿದ್ದ ಹಿರಿಯರದು. ಚಷ್ಮಾ ತಾತ ಅಂತ ಎಲ್ಲರೂ ಕರೀತಿದ್ರು, ಹಿಂದಿನ ವರ್ಷ ತೀರಿಕೊಂಡ್ರು. ಅಣ್ಣ ಅದನ್ನ ಹಚ್ಚಿ ಹುಡುಕಿದ. ಸಿಕ್ತು. ಅದೇ ಹೆಸರಿನ ಲೈಬ್ರರಿ ಫೈಲು, ಆದರೆ ಎಷ್ಟೋ ವರ್ಷ ಹಳೇದು. ಪೆನ್‌ಡ್ರೈವಿಗೆ ಹಾಕ್ಕೊಂಡು ತಂದು ತನ್ನ ಕಂಪ್ಯೂಟರಲ್ಲಿಟ್ಟ.

ಸಾಫ್ಟ್‌ವೇರ್ ತೆರೀತು.

ಪೂರ್ತಿ ಅಲ್ಲ. ಕೆಲವು ಕಡೆ ಅಕ್ಷರ ಇಲ್ಲ, ಚೌಕ ಮಾತ್ರ. ಇರಲಿ. ಎಂಟು ಡಿಸ್ಕಿನ ಸಾಲು ಕಾಣಿಸ್ತು, ಒಂದರ ಮುಂದೆ ಕೆಂಪು. ಅದರ ನಂಬರು ಮೂರು.

ಅಣ್ಣ ಪೆಟ್ಟಿಗೆ ಮುಂದೆ ಮಂಡಿಯೂರಿ ಕೂತ. ಪ್ರತಿ ಡಿಸ್ಕಿನ ಬಾಯಿಗೂ ಚಷ್ಮಾ ತಾತ ಒಂದೊಂದು ಚೀಟಿ ಅಂಟಿಸಿದ್ರು. ಒಂದರಿಂದ ಎಂಟು, ದಪ್ಪ ಅಕ್ಷರ. ಮೂರರ ಮೇಲೆ ಕೈ ಇಟ್ಟ.

ಆಗ ಗೋಡೆಯ ಆಚೆಯಿಂದ... ತೀರಾ ಮೆತ್ತಗೆ...

"ನಾಲ್ಕು."

ಅತ್ತಿಗೆ ದನಿ. ಮದುವೆಯಾದಾಗಿಂದ ಕೇಳಿದ ದನಿ, ಮೂರು ವಾರದಿಂದ ಇಲ್ಲದ ದನಿ. ಅಣ್ಣನ ಕಣ್ಣು ತುಂಬ್ತು ಅಂತ ಅವನೇ ಹೇಳಿದ.

"ಯಾರು?" ಅಂದ. ಪಿಸುಮಾತು, ಅವನಿಗೇ ಕೇಳಿಸಲಿಲ್ಲ.

"ನಾಲ್ಕು... ನಾಲ್ಕು..."

ಅವನು ಎಷ್ಟಾದರೂ ಮಷೀನಿನ ಜೊತೆ ಬಾಳಿದವನು. ಎಣಿಸಿದ ಫೈಲು ಹೇಗೋ ತಾನಾಗೇ ಓಡ್ತಿದೆ, ಡಿಸ್ಕು ಹಾಳಾಗ್ತಿರೋದಕ್ಕೆ ಒಂದೇ ಕಡೆ ತೊದಲ್ತಿದೆ ಅಂದುಕೊಂಡ. ಇನ್ನು ಹೊತ್ತಿಲ್ಲ ಅಂತ ಅವಸರ ಇನ್ನೂ ಜಾಸ್ತಿ ಆಯ್ತು.

ಈಗ ನನ್ನ ಭಾಗ. ಇದನ್ನ ಮನೇಲಿ ಯಾರಿಗೂ ಹೇಳಿಲ್ಲ. ನೀವೂ ಹೇಳಬೇಡಿ.

ಅದೇ ಹೊತ್ತಿಗೆ ನಾನು ಪುಟ್ಟಿ ಲಂಗದ ಅಂಚು ಮಡಿಸ್ತಾ ಕೂತಿದ್ದೆ. ಅತ್ತಿಗೆ ಎದುರಿಗೆ ಸೂಜಿಗೆ ದಾರ ಪೋಣಿಸ್ತಿದ್ಲು. ನನ್ನ ಫೋನು ಬಡ್ಕೊಳ್ತು. ನೋಡಿದರೆ ಪರದೆ ಮೇಲೆ ಬಂದ ಹೆಸರು... ಅತ್ತಿಗೆ. ಅತ್ತಿಗೆ ಫೋನು ಅಲ್ಲೇ ಮೇಜಿನ ಮೇಲೆ, ನಮ್ಮಿಬ್ಬರ ನಡುವೆ ಮಲಗಿದೆ. ಅದರ ದೀಪ ಕೂಡ ಹತ್ತಿಲ್ಲ.

ಎತ್ತಿದೆ.

"ಇವರಿಗೆ ಹೇಳೇ... ನಾಲ್ಕು ಅಂತ."

ಅಷ್ಟೇ. ಅತ್ತಿಗೆ ಮುಖ ನೋಡಿದೆ. ಅವಳ ಬಾಯಿ ಮುಚ್ಚೇ ಇದೆ. ದಾರದ ತುದಿ ತುಟಿಯಲ್ಲಿದೆ. ಕಿವೀಲಿ ಮತ್ತೆ, "ಬೇಗ ಹೇಳೇ..." ಫೋನು ಕಟ್ ಮಾಡಿಬಿಟ್ಟೆ. ಅತ್ತಿಗೆ ಸ್ಲೇಟಲ್ಲಿ ಬರೆದು ತೋರಿಸಿದ್ಲು, "ಯಾರು?"

"ರಾಂಗ್ ನಂಬರ್" ಅಂದೆ.

ಅಣ್ಣನಿಗೆ ಒಂದು ಫೋನು ಮಾಡಬಹುದಿತ್ತು. ಮಾಡಲಿಲ್ಲ. ಹೆದರಿದ್ದೆ, ಅಷ್ಟೇ. ನನಗೂ ಸಮಾಧಾನ ಹೇಳೋಕೆ ಬರಬೇಡಿ.

ಅಲ್ಲಿ ಅಣ್ಣ ಮೂರನೇ ಚೀಟಿಯ ಡಿಸ್ಕನ್ನ ಎಳೆದ. ಟಕ್. ಪೆಟ್ಟಿಗೆಯ ಗುಂಯ್ ಒಂದು ಸಲ ಮೇಲೇರಿ... ಇಳಿದು... ಬರೀ ಗಾಳಿ ಆಯ್ತು. ಗೋಡೆಯ ಆಚೆಯ ದನಿ "ನಾ..." ಅಂತ ಅರ್ಧಕ್ಕೆ ನಿಂತಿತು. ಪರದೆ ಮೇಲಿನ ಎಂಟೂ ಸಾಲು ಕೆಂಪಾದವು. ಅವನು ಎಳೆದದ್ದು ಚೆನ್ನಾಗಿದ್ದ ಡಿಸ್ಕು. ಆ ಸಾಫ್ಟ್‌ವೇರ್ ಸೊನ್ನೆಯಿಂದ ಎಣಿಸುತ್ತೆ. ಸೊನ್ನೆ, ಒಂದು, ಎರಡು, ಮೂರು. ಅದು ಮೂರು ಅಂದರೆ ಚಷ್ಮಾ ತಾತನ ಚೀಟಿ ನಾಲ್ಕು. ತಾತನಿಗೆ ಅದು ಗೊತ್ತಿತ್ತು, ಚೀಟಿ ನೋಡದೆ ಸೊನ್ನೆಯಿಂದ ಬೆರಳಲ್ಲೇ ಎಣಿಸ್ತಿದ್ರಂತೆ. ಅಣ್ಣನಿಗೂ ಗೊತ್ತಿತ್ತು. ಬೇರೆ ಯಾವ ದಿನ ಕೇಳಿದರೂ ನಿದ್ದೇಲೂ ಹೇಳ್ತಿದ್ದ.

ತಕ್ಷಣ ವಾಪಸ್ ತಳ್ಳಿದ. ಆಗ ಪರದೆ ಮೇಲೆ ಒಂದು ಚೌಕ ಬಂತು. ಹೊರಗೆ ಹೋಗಿ ಬಂದ ಡಿಸ್ಕನ್ನ ಮತ್ತೆ ಸೇರಿಸಿಕೊಳ್ಳಲಾ, ಇಲ್ಲಾ ಅಳಿಸಿ ಹೊಸದಾಗಿ ಶುರು ಮಾಡಲಾ ಅಂತ ಕೇಳುತ್ತಂತೆ ಅದು. ಸೇರಿಸು ಅಂದರೆ ಎಲ್ಲಾ ಉಳೀತಿತ್ತು. ಆದರೆ ಹಳೇ ಲೈಬ್ರರಿ ಫೈಲಿನಲ್ಲಿ ಆ ಮಾತುಗಳೇ ಇರಲಿಲ್ಲ. ಚೌಕದೊಳಗೆ ಎರಡು ಗುಂಡಿ. ಎರಡೂ ಖಾಲಿ. ಒಂದಕ್ಷರ ಇಲ್ಲ.

ಹಾಗೇ ಬಿಟ್ಟು ಬೆಳಗ್ಗೆ ಯಾರನ್ನಾದರೂ ಕೇಳಬಹುದಿತ್ತು ಅಂತ ಈಗ ಎಲ್ಲರೂ ಹೇಳ್ತಾರೆ. ಟಿಕ್ ಕರ್ರ್ ಅನ್ನೋ ಇನ್ನೊಂದು ಡಿಸ್ಕು ಬೆಳಗಿನ ತನಕ ಇರುತ್ತೆ ಅಂತ ಅವನಿಗೆ ಯಾರು ಹೇಳಬೇಕಿತ್ತು? ಆ ಎರಡು ಗುಂಡಿ ನೋಡ್ತಾ ಅರ್ಧ ಗಂಟೆ ಕೂತಿದ್ದನಂತೆ. ಗೋಡೆಯ ಆಚೆಯಿಂದ ಒಂದು ಮಾತು ಬರಲಿ ಅಂತ ಕಾದನಂತೆ. "ಹೇಳು, ಈಗ ಹೇಳು" ಅಂತ ಎರಡು ಸಲ ಅಂದನಂತೆ.

ಏನೂ ಬರಲಿಲ್ಲ. ಎಡಗಡೆಯದನ್ನ ಒತ್ತಿದ.

ಹನ್ನೊಂದಕ್ಕೆ ಮನೆಗೆ ಬಂದ. ಚಪ್ಪಲಿ ಕೂಡ ಬಿಡದೆ ಬಾಗಿಲಲ್ಲೇ ನಿಂತ. "ಹೋಯ್ತು" ಅಂದ. ಅತ್ತಿಗೆಗೆ ಅರ್ಥ ಆಯ್ತು. ಅಳೋಕೆ ಬಾಯಿ ತೆರೆದ್ಲು. ಕುತ್ತಿಗೆ ಬಟ್ಟೆ ಮಾತ್ರ ಮೇಲೆ ಕೆಳಗೆ ಆಯ್ತು... ಸುಯ್... ಸುಯ್... ಅಳುವಿಗೂ ದನಿ ಬೇಕು ಅಂತ ನನಗೆ ಅವತ್ತೇ ಗೊತ್ತಾಗಿದ್ದು.

ಅಳಿದದ್ದನ್ನ ಮರಳಿ ತೆಗೆದುಕೊಡೋರ ಹತ್ತಿರ ಡಿಸ್ಕುಗಳನ್ನ ಎರಡು ಕಡೆ ಕಳಿಸಿದ್ರು, ಎರಡು ಕಡೆಯಿಂದಲೂ ಏನೂ ಇಲ್ಲ ಅಂತ ವಾಪಸ್ ಬಂತು. ಈಗ ಪುಟ್ಟಿನ ಎಬ್ಬಿಸೋಕೆ ಅತ್ತಿಗೆ ಮಂಚಕ್ಕೆ ಬಳೆ ಬಡೀತಾಳೆ. ಪುಟ್ಟಿಗೆ ಅಮ್ಮನ ದನಿ ಹೇಗಿತ್ತು ಅನ್ನೋದು ಮರೆತೇ ಹೋಗಿದೆ. ಮೊನ್ನೆ ನನ್ನನ್ನ ಕೇಳಿದ್ಲು, "ಅತ್ತೆ, ಅಮ್ಮನ ದನಿ ದಪ್ಪ ಇತ್ತಾ, ಸಣ್ಣ ಇತ್ತಾ?" ನಾನು ಏನಂತ ಹೇಳಲಿ. ಆ ದನಿ ಕೊನೇಗೆ ಕರೆದದ್ದು ನನ್ನನ್ನ. ಕಟ್ ಮಾಡಿದವಳೂ ನಾನೇ.

ಸುಳ್ಳು ಅನ್ನೋರು ಹತ್ತಿರ ಬನ್ನಿ. ಇದು ಅದೇ ಫೋನು, ಬದಲಾಯಿಸಿಲ್ಲ. ಇಲ್ಲಿ ನೋಡಿ, ಅತ್ತಿಗೆ, ರಾತ್ರಿ ಎಂಟು ಐವತ್ತೆರಡು, ಹನ್ನೊಂದು ಸೆಕೆಂಡು. ಓದ್ಕೊಳ್ಳಿ, ಮುಟ್ಟಬೇಡಿ. ಅತ್ತಿಗೆ ಮಲಗಿದ್ದಾಗ ಅವಳ ಫೋನನ್ನೂ ತೆಗೆದು ನೋಡಿದೆ. ಅದರಲ್ಲಿ ಈ ಕರೆ ಇಲ್ಲ. ಆಪರೇಷನ್ನಿನ ಹಿಂದಿನ ದಿನದಿಂದ ಈಚೆಗೆ ಹೋದ ಕರೆಯೂ ಇಲ್ಲ, ಬಂದ ಕರೆಯೂ ಇಲ್ಲ.