ಕೊನೆಯ ಮಾತು ನುಂಗಿದ ಬಾಯಿ

ಮಾನ್ಯ ಅಧ್ಯಕ್ಷರೇ, ವೇದಿಕೆಯ ಹಿರಿಯರೇ, ಊಟದ ಹೊತ್ತು ಮೀರಿದರೂ ಏಳದೆ ಕುಳಿತ ಬೀದರಿನ ಸಭಿಕರೇ,

ಹೈದರಾಬಾದ್ ವಿಮೋಚನೆಗೆ ಇಪ್ಪತ್ತೈದು ವರ್ಷ ತುಂಬಿದ ಈ ದಿನ, 'ನಿಜಾಮನ ಎದುರು ಬಾಯಿ ತೆರೆದ ಧೀರ' ಎಂದು ನನಗೆ ಮಾನಪತ್ರ ಓದಿದಿರಿ. ಬಾಯಿ ತೆರೆದದ್ದು ನಿಜ. ಬಾಯಿಯೇ ನನ್ನ ಕಸುಬು. ಟಾಕಿ ಇನ್ನೂ ಕಾಣದ ಊರುಗಳಲ್ಲಿ ಮೂಕಿ ಚಿತ್ರದ ಪರದೆಯ ಪಕ್ಕ ನಿಂತು ಬೆತ್ತ ತೋರಿಸಿ ಕಥೆ ಹೇಳುತ್ತಿದ್ದೆ. ಭಾಲ್ಕಿ, ಔರಾದಿನ ಜನಕ್ಕೆ ದೊರೆಯ ಧ್ವನಿಯೂ ನನ್ನದೇ, ದೊರೆಸಾನಿಯ ಧ್ವನಿಯೂ ನನ್ನದೇ! ನಡುನಡುವೆ ನಿಜಾಮನನ್ನೂ ಬೈಯುತ್ತಿದ್ದೆ.

ಮಷೀನು ತಿರುಗಿಸುತ್ತಿದ್ದವನು ಚಿದ್ರಿಯ ಅಬ್ದುಲ ವಾಹೀದ. ನಮ್ಮಲ್ಲೊಂದು ಹಳೆಯ ಫ್ರೆಂಚ್ ರೀಲಿತ್ತು. ಆ ದೇಶದಲ್ಲಿ ನಿಜವಾಗಿ ನಡೆದ ಪ್ರಕರಣ. ಒಬ್ಬ ಯಹೂದಿ ಫೌಜಿ ಅಧಿಕಾರಿಯ ಮೇಲೆ ಸುಳ್ಳು ದೇಶದ್ರೋಹ ಹೊರಿಸಿ, ಎಲ್ಲರೆದುರು ಅವನ ಖಡ್ಗ ಮುರಿಯುತ್ತಾರೆ. ನಮ್ಮ ರೀಲು ಅಲ್ಲಿಗೇ ತುಂಡು. ಅವನು ನಿರಪರಾಧಿ, ಮುಂದೆ ಬಿಡುಗಡೆಯಾದ ಎಂಬುದು ಪರದೆಯ ಮೇಲಿರಲಿಲ್ಲ, ನನ್ನ ಬಾಯಲ್ಲಷ್ಟೇ ಇತ್ತು. ಪ್ರತಿ ಸಲ ವಾಹೀದ ನೆನಪಿಸುತ್ತಿದ್ದ: "ಮಾಸ್ತರ, ಆಖ್ರಿ ಮಾತು ಬಿಡಬ್ಯಾಡ್ರಿ. ಇಲ್ಲಂದ್ರ ಮಂದಿ ಅವನಿಗಿ ಗದ್ದಾರ ಅಂತ ತಿಳದು ಮನಿಗಿ ಹೋಗ್ತಾರ."

'ಹನ್ನೊಂದು ದಿನ ಭೂಗತ' ಎಂದೂ ಓದಿದಿರಲ್ಲ? ನಿಜಾಮನ ಪರ ಊರೂರಿಗೆ ದಾಳಿಯಿಡುತ್ತಿದ್ದ ರಜಾಕಾರರು ನನ್ನನ್ನು ಹುಡುಕುತ್ತಿದ್ದಾಗ ನಾನು ಅಡಗಿದ ಜಾಗ ವಾಹೀದನ ಮನೆ. ಅವನ ಹೆಂಡತಿ ಅಕ್ತರಬೀ ತಮ್ಮ ಪಾಲಿನ ರೊಟ್ಟಿ ನನಗೆ ಬಡಿಸಿದರು.

ಭಾರತದ ಸೈನ್ಯ ಬಂದು ನಿಜಾಮನ ಆಳ್ವಿಕೆ ಮುಗಿಸಿದ ಪೊಲೀಸ್ ಆಕ್ಷನ್ ಆಗಿ ತಿಂಗಳೂ ಕಳೆದಿರಲಿಲ್ಲ. ರಜಾಕಾರರ ಮೇಲಿನ ಸೇಡು ಸಿಕ್ಕ ಸಿಕ್ಕ ಮುಸಲ್ಮಾನರ ಮೇಲೆ ತಿರುಗಿತ್ತು. ಭಾಲ್ಕಿಯ ಹತ್ತಿ ಗೋದಾಮಿನಲ್ಲಿ, ಹಾಡುಹಗಲೇ ಬಾಗಿಲು ಮುಚ್ಚಿ ಅದೇ ರೀಲು ಹಾಕಿದೆವು. ಖಡ್ಗ ಮುರಿದಾಗ, ದ್ರೋಹಿಗೆ ತಕ್ಕ ಶಾಸ್ತಿಯಾಯಿತೆಂದು ಜನ ಎದ್ದುನಿಂತು ಚಪ್ಪಾಳೆ ತಟ್ಟಿದರು. ಆ ಚಪ್ಪಾಳೆ ನನಗೆ ರುಚಿಸಿತು. ಕೊನೆಯ ಮಾತು ನುಂಗಿಬಿಟ್ಟೆ. ಮಷೀನಿನ ಹಿಂದಿನಿಂದ ವಾಹೀದ ನನ್ನನ್ನೇ ನೋಡುತ್ತಿದ್ದ.

ಬಾಗಿಲು ತೆರೆದಾಗ ಗುಂಪಿನಲ್ಲಿ ಒಬ್ಬ ಕೇಳಿದ: "ಮಾಸ್ತರ, ಈ ಮಷೀನಿನಾಂವ ರಜಾಕಾರ ಇದ್ನೇನ್ರಿ?"

ಆ ಮನೆಯ ರೊಟ್ಟಿ ತಿಂದ ಬಾಯಿ ಹೇಳಿತು: "ನನಗ ಗೊತ್ತಿಲ್ರಿ."

ಗುಂಪಿನವರು ಅವನನ್ನು ಎಳೆದುಕೊಂಡು ಹೋದರು. ವಾಹೀದ ಮರಳಲಿಲ್ಲ.

ಹೆದರಿದ್ದೆನೆ? ಇಲ್ಲ. ನನ್ನನ್ನು ಯಾರೂ ಹೆದರಿಸಲಿಲ್ಲ. ಆ ಚಪ್ಪಾಳೆ ನಿಲ್ಲಬಾರದು ಎಂದಿತ್ತು, ಅಷ್ಟೇ. ವಿಮೋಚನೆ ಎನ್ನುತ್ತೇವೆ. ಯಾರಿಗೆ? ರಜಾಕಾರನ ದೌರ್ಜನ್ಯಕ್ಕೆ ಬಾಯಿ ಬಡಿದುಕೊಂಡ ನಾವು, ನಮ್ಮ ಕೈ ಕೆಂಪಾದಾಗ ಮೂಕಿ ಚಿತ್ರವಾದೆವಲ್ಲ?

ಮಾನಪತ್ರ ಮೇಜಿನ ಮೇಲೆಯೇ ಇರಲಿ, ಅಧ್ಯಕ್ಷರೇ. ಎರಡನೆಯ ಸಾಲಿನಲ್ಲಿ ವಾಹೀದನ ಮಗಳು ಮರಿಯಮಬೀ ಕುಳಿತಿದ್ದಾರೆ. ನಾನೇ ಕರೆದೆ, ಯಾಕೆಂದು ಹೇಳುವ ಧೈರ್ಯ ಇರಲಿಲ್ಲ. ಅವರ ಎದುರು ಆ ಕೊನೆಯ ಮಾತು ಹೇಳುತ್ತೇನೆ. ಆ ಫ್ರೆಂಚ್ ಅಧಿಕಾರಿ ನಿರಪರಾಧಿ. ಅಬ್ದುಲ ವಾಹೀದ ನಿರಪರಾಧಿ. ನನಗೆ ಅಂದೂ ಗೊತ್ತಿತ್ತು.

ಇಷ್ಟು ಕೇಳಿಸಿಕೊಂಡಿರಿ, ನಿಮ್ಮ ಉಪಕಾರ. ದಯವಿಟ್ಟು ಯಾರೂ ಚಪ್ಪಾಳೆ ತಟ್ಟಬೇಡಿ. ನಮಸ್ಕಾರ.