ಬೆನಿತೊ ಮೂಗನಾದದ್ದು

ಮುದುಕನಿಗೆ ಮರೆವು ಎಂದು ನಗುವವರು ಸ್ವಲ್ಪ ಬಾಯಿ ಮುಚ್ಚಿಕೊಂಡು ಕೇಳಿ. ಎಪ್ಪತ್ತರ ದಶಕ, ಮ್ಯಾಡ್ರಿಡ್‌ನ ನಮ್ಮ ಬೀದಿಯ ಮೀನಂಗಡಿ. ‘ಕೊನೆಯವರು ಯಾರು?’ ಎಂದು ಕೇಳಿ ಸರದಿಗೆ ನಿಂತೆ. ನನ್ನ ಮುಂದೆ ಸಿನಿಮಾ ಬರೆದು ತಾನೇ ನಟಿಸುತ್ತಿದ್ದ ಬೆನಿತೊ, ಊರಿನಿಂದ ಬಂದಿದ್ದ ಅವನ ಅಕ್ಕ ರೆಮೆದಿಯೊಸ್.

“ಭಾನುವಾರ ಅಮ್ಮನ್ನ ನಿನ್ನ ಸಿನಿಮಾಕ್ಕೆ ಕರ್ಕೊಂಡು ಹೋಗ್ತೀನಿ ಕಣೋ.”

“ಬೇಡ ಅಕ್ಕ.”

“ಯಾಕೋ? ಕಣ್ಣು ಕಾಣದಿದ್ರೇನು, ಮಗನ ದನಿ ಕೇಳ್ಬೇಕಂತೆ. ಬೀದಿಗೆಲ್ಲ ಸಾರಿಬಿಟ್ಟಿದಾಳೆ.”

“ಅದ್ರಲ್ಲಿ ನನ್ನ ದನಿನೇ ಇಲ್ಲ. ದಕ್ಷಿಣದ ನಮ್ಮ ಕಾದಿಸ್ ಕಡೆ ಮಾತು ಗಮಾರರದು ಅಂತ ಬೇರೆಯವನ ಕೈಲಿ ಡಬ್ ಮಾಡ್ಸಿದ್ರು.”

“ಬರ್ದೋನು ನೀನು, ನಟಿಸ್ದೋನು ನೀನು! ಸುಮ್ನೆ ಬಿಟ್ಯಾ?”

“ಜಗಳ ಆಡ್ದೆ. ನಿರ್ಮಾಪಕ ಬಾಗಿಲು ತೋರಿಸ್ದ.”

“ಈಗ ಅಮ್ಮಂಗೆ ಏನು ಹೇಳ್ಲಿ?”

“ನಂದು ಮೂಗನ ಪಾತ್ರ ಅಂತ ಹೇಳು.”

“ಹುಟ್ಟಿದಾಗಿಂದ ಬಾಯಿ ಮುಚ್ಚದೋನು ಮೂಗನಾ! ನಂಬ್ತಾಳಾ?”

“ನಂಬಲ್ಲ. ನಂಬಿದೋಳ ಥರ ಇರ್ತಾಳೆ.”

ಅಕ್ಕ ಮೀನಿನ ಪೊಟ್ಟಣ ತೆಗೆದುಕೊಂಡು ಅವನ ತೋಳು ಹಿಡಿದು ಹೊರಟಳು.

ಈ ಮೆಸೇಜನ್ನು ನಾಲ್ಕು ಜನಕ್ಕೆ ಕಳಿಸಿ. ಅವನ ಯಾವ ಸಿನಿಮಾದಲ್ಲೂ ಅವನ ದನಿ ಉಳಿದಿಲ್ಲ.