ಎಣಿಕೆಗೆ ಬಾರದ ಆರು ಕಟ್ಟಡಗಳು

ಮಾನ್ಯ ಅಧ್ಯಕ್ಷರೇ, ಪುಸ್ತಕ ಬಿಡುಗಡೆ ಮಾಡಿದ ಮುಖ್ಯ ಅತಿಥಿಗಳೇ, ವಾಚನಾಲಯದ ಕಾರ್ಯದರ್ಶಿಗಳೇ, ಫ್ಯಾನಿನ ಕೆಳಗೆ ಜಾಗ ಸಿಕ್ಕಿರುವ ಮತ್ತು ಸಿಗದಿರುವ ಸಭಿಕರೇ,

ನನಗೆ ಕೊಟ್ಟಿರುವುದು ಹತ್ತು ನಿಮಿಷ. ನಮ್ಮ ಹಳೆಯ ನಗರ ಪೂರ್ವ ಸಂಸತ್ ಕ್ಷೇತ್ರ ಬದುಕಿದ್ದು ಮೂವತ್ತೊಂದು ವರ್ಷ. ಮೂರು ವರ್ಷಕ್ಕೊಂದು ನಿಮಿಷದ ಲೆಕ್ಕದಲ್ಲಿ ಮಾತನಾಡಿದರೂ ಒಂದು ವರ್ಷ ಹೊರಗೆ ಉಳಿಯುತ್ತದೆ. ಅದನ್ನು ಅಧ್ಯಕ್ಷರು ಕ್ಷಮಿಸಬೇಕು. ಆ ಕ್ಷೇತ್ರದ ಚರಿತ್ರೆಯಾದ ಈ ಪುಸ್ತಕವನ್ನು ಬರೆದವಳು ನಾನೇ ಆದ್ದರಿಂದ ಅದನ್ನು ಹೊಗಳುವ ಹಾಗಿಲ್ಲ. ಆ ಕೆಲಸವನ್ನು ಕಾರ್ಯದರ್ಶಿಗಳು ಆಗಲೇ ಮಾಡಿದ್ದಾರೆ, ಓದದೆಯೇ ಚೆನ್ನಾಗಿ ಮಾಡಿದ್ದಾರೆ.

ಕ್ಷೇತ್ರದ ಮೊದಲ ಪ್ರತಿನಿಧಿ ಒಬ್ಬ ವಕೀಲರು. ಮೂರು ಸಲ ಗೆದ್ದರು. ಸಂಸತ್ತಿನಲ್ಲಿ ಒಂದೇ ಒಂದು ಸಲ, ನಮ್ಮ ಒಳಚರಂಡಿಯ ಬಗ್ಗೆ, ಹನ್ನೊಂದು ನಿಮಿಷ ಮಾತನಾಡಿದರು. ಆ ದಿನದ ಕಲಾಪದ ದಾಖಲೆಯನ್ನು ನಾನು ತರಿಸಿ ನೋಡಿದೆ. ಹನ್ನೊಂದು ನಿಮಿಷಕ್ಕೆ ಒಂದೇ ಪದ ಬರೆದಿದ್ದಾರೆ: ‘ಗದ್ದಲ’.

ಅವರ ನಂತರ ಹೆರಿಗೆ ಡಾಕ್ಟರಮ್ಮ. ಅವರನ್ನು ಸೋಲಿಸುವುದು ಹೇಗೆ ಹೇಳಿ? ಮತದಾರರಲ್ಲಿ ಕಾಲು ಪಾಲು ಜನ ಅವರ ಕೈಯಲ್ಲೇ ಹುಟ್ಟಿದವರು. ಅವರೂ ಮೂರು ಸಲ ಗೆದ್ದರು. ಮೂರನೆಯ ಸಲ ಮಾತ್ರ ಕೇವಲ ಇನ್ನೂರ ಹದಿನಾಲ್ಕು ಮತಗಳಿಂದ. ಎದುರಿಗೆ ನಿಂತಿದ್ದವನು ಯಾವ ಪಕ್ಷಕ್ಕೂ ಸೇರದ ಒಬ್ಬ ಬಸ್ ಕಂಡಕ್ಟರು. ಇಪ್ಪತ್ತಾರು ವರ್ಷ ಒಂದೇ ಮಾರ್ಗದಲ್ಲಿ ‘ರೈಟ್, ರೈಟ್’ ಎಂದು ಕೂಗಿ ಕೂಗಿ ಊರಿಗೆಲ್ಲ ರೈಟಣ್ಣನಾದವನು. ಪುಸ್ತಕದಲ್ಲಿ ‘ಸ್ವತಂತ್ರ ಅಭ್ಯರ್ಥಿ’ ಎಂದಷ್ಟೇ ಬರೆದಿದ್ದೇನೆ. ಅವನು ನನ್ನ ಸ್ವಂತ ಅಣ್ಣ.

ಅವನು ಕೊಟ್ಟ ಭರವಸೆ ಒಂದೇ, ರೈಲು ಹಳಿಯ ಮೇಲೊಂದು ಕಾಲುಸೇತುವೆ. ಗೇಟು ಬಿದ್ದಾಗ ಬಸ್ಸಿನಲ್ಲಿ ಕೂತು ಎಷ್ಟು ಜನರ ಗೊಣಗಾಟ ಕೇಳಿದ್ದನೋ. ಅವನು ಸೋತ ದಿನ ಡಾಕ್ಟರಮ್ಮನವರೇ ಅವನ ಕೈ ಕುಲುಕಿ, “ಮುಂದಿನ ಸಲ ಗೆಲ್ಲೋದು ನೀವೇ ಕಣಪ್ಪಾ, ನನಗೂ ಸಾಕಾಗಿದೆ” ಎಂದಿದ್ದರು. ಹಾಗೆಂದು ಎಲ್ಲರೂ ನಂಬಿದ್ದರು. ನಾನೂ ನಂಬಿದ್ದೆ.

ಮುಂದಿನ ಸಲ ಬರಲಿಲ್ಲ. ಗಡಿಗಳನ್ನು ಹೊಸದಾಗಿ ಗುರುತಿಸುವ ಆಯೋಗ ಬಂತು. ಗಿರಣಿಗಳು ಮುಚ್ಚಿ ಜನ ಕಡಿಮೆಯಾಗಿದ್ದರು. ಒಂದು ಕ್ಷೇತ್ರಕ್ಕೆ ಇಷ್ಟು ಜನ ಇರಲೇಬೇಕೆಂಬ ನಿಯಮವಿತ್ತು. ನಮ್ಮದರಲ್ಲಿ ಸಾವಿರದ ನಾನೂರು ಚಿಲ್ಲರೆ ಜನ ಕಡಿಮೆ ಬಿದ್ದರು. ಹಾಗಾಗಿ ಕ್ಷೇತ್ರವನ್ನು ಹಳಿಯ ಗುಂಟ ಸೀಳಿ ಅಕ್ಕಪಕ್ಕದ ಎರಡು ಕ್ಷೇತ್ರಗಳಿಗೆ ಹಂಚಬೇಕಿತ್ತು. ನಕ್ಷೆ ಬರೆಯುವ ಕೆಲಸ ಬಂದದ್ದು ನನ್ನ ಮೇಜಿಗೆ. ನಾನು ಆಗ ಆಯೋಗದ ಕಚೇರಿಯಲ್ಲಿ ನಕ್ಷೆಗಾರ್ತಿ.

ನಮ್ಮ ಅಧಿಕಾರಿ ಒಳ್ಳೆಯ ಮನುಷ್ಯ. “ರೈಟಣ್ಣ ನಿಮ್ಮಣ್ಣ ಅಲ್ವೇನಮ್ಮಾ? ಬೇಡ ಅನ್ನಿಸಿದ್ರೆ ಹೇಳಿ, ಬೇರೆಯವರಿಗೆ ಕೊಡ್ತೀನಿ” ಎಂದರು.

“ನನಗೇನು ತೊಂದ್ರೆ ಇಲ್ಲ ಸರ್. ಗೆರೆಗೆ ಅಣ್ಣ ತಮ್ಮ ಗೊತ್ತಿರಲ್ಲ” ಎಂದೆ. ಆಗ ಅದು ಬಹಳ ಜಾಣತನದ ಮಾತು ಎನಿಸಿತ್ತು.

ಸಭಿಕರೇ, ನಿನ್ನೆ ಈ ಭಾಷಣ ಬರೆದಾಗ ಹತ್ತು ನಿಮಿಷದಲ್ಲಿ ಈ ವಿಷಯಕ್ಕೆ ಬರಬಾರದೆಂದೇ ಬರೆದಿದ್ದೆ. ಬಂದಾಯಿತು.

ಬಣ್ಣ ತುಂಬುವ ಮೊದಲು ಬೀದಿ ಬೀದಿಯ ಗಣತಿ ಪಟ್ಟಿ ನೋಡುವುದು ನನ್ನ ಅಭ್ಯಾಸ. ಹಳಿಯ ಪಕ್ಕದ ಆರು ವಸತಿ ಕಟ್ಟಡಗಳ ಎದುರು ‘ದುರಸ್ತಿ, ವಾಸವಿಲ್ಲ’ ಎಂದಿತ್ತು. ಗಣತಿಯ ವಾರ ದುರಸ್ತಿ ನಡೆದದ್ದು ನಿಜ. ಜನ ನೆಂಟರ ಮನೆಗಳಿಗೆ ಹೋಗಿದ್ದೂ ನಿಜ. ಆದರೆ ತಿಂಗಳೊಳಗೆ ಎಲ್ಲರೂ ವಾಪಸು ಬಂದಿದ್ದರು. ನಾನು ದಿನಾ ಅದೇ ದಾರಿಯಲ್ಲಿ ಕಚೇರಿಗೆ ಹೋಗುತ್ತಿದ್ದವಳು. ಆರೂ ಕಟ್ಟಡಗಳ ಮಹಡಿ ಮಹಡಿಯಲ್ಲೂ ಬಟ್ಟೆ ಒಣಗುವುದನ್ನು ನೋಡುತ್ತಿದ್ದೆ. ಮತದಾರರ ಪಟ್ಟಿ ತೆಗೆದೆ. ಆ ಕಟ್ಟಡಗಳಲ್ಲಿ ಮತದಾರರೇ ಸಾವಿರದ ಆರುನೂರರ ಮೇಲಿದ್ದರು. ಮಕ್ಕಳನ್ನು ಸೇರಿಸುವ ಅಗತ್ಯವೇ ಇರಲಿಲ್ಲ. ಕ್ಷೇತ್ರ ಉಳಿಯುತ್ತಿತ್ತು.

ಹಾಳೆ ಹಿಡಿದು ಅಧಿಕಾರಿಯ ಕೋಣೆಯ ಬಾಗಿಲವರೆಗೆ ಹೋದೆ. ಒಳಗೆ ಯಾರೋ ತಮಾಷೆ ಮಾಡುತ್ತಿದ್ದರು. “ಅಣ್ಣನ ಕ್ಷೇತ್ರ ಉಳಿಸೋಕೆ ತಂಗಿ ಪೆನ್ಸಿಲ್ ಚೂಪು ಮಾಡ್ತಾ ಕೂತಿದ್ದಾಳೆ.” ಎಲ್ಲರೂ ನಕ್ಕರು. ಅಧಿಕಾರಿ ನಗಲಿಲ್ಲ, “ಆಯಮ್ಮ ಅಂಥವಳಲ್ಲ” ಎಂದರು.

ನಾನು ಅಂಥವಳಲ್ಲ ಎಂದು ತೋರಿಸಲು ಹಿಂದಕ್ಕೆ ಬಂದು ಹಾಳೆಯನ್ನು ಕಡತದಲ್ಲಿ ಇಟ್ಟುಬಿಟ್ಟೆ.

ಆಕ್ಷೇಪಣೆಗೆ ಮೂವತ್ತು ದಿನ ಇತ್ತು. ಅಣ್ಣನ ಜೊತೆಯವರು ಅರ್ಜಿ ಬರೆದು ಸಿದ್ಧವಾಗಿದ್ದರು. ಅವನು ನಮ್ಮ ಮನೆಗೆ ಬಂದ, ಚಪ್ಪಲಿ ಕೂಡ ಬಿಡದೆ ಬಾಗಿಲಲ್ಲೇ ನಿಂತು ಕೇಳಿದ.

“ಲೆಕ್ಕ ನೀನೇ ನೋಡಿದ್ಯೇನೇ?”

“ಹೂಂ, ನಾನೇ.”

“ಸರಿ ಇತ್ತಾ?”

“ಸರಿ ಇತ್ತು.”

ಅವನು ಇನ್ನೊಂದು ಮಾತು ಕೇಳಲಿಲ್ಲ. ಹೋಗಿ ಜೊತೆಯವರಿಗೆ, “ನನ್ನ ತಂಗಿ ನೋಡಿದ್ದಾಳೆ, ಸರಿ ಇದೆ ಅಂದಿದ್ದಾಳೆ. ಅರ್ಜಿ ಹರಿದುಹಾಕಿ” ಎಂದನಂತೆ. ಅವರು ಹರಿದುಹಾಕಿದರು. ಅವನು ಮತ್ತೆ ಬಸ್ ಹತ್ತಿದ, ನಿವೃತ್ತನಾದ, ಇನ್ನೆಲ್ಲಿಯೂ ನಿಲ್ಲಲಿಲ್ಲ. ಕಾಲುಸೇತುವೆಯ ಗತಿ ನಿಮಗೆ ಗೊತ್ತು. ಗಡಿ ಹಳಿಯ ನಡುವೆ ಹೋಗಿರುವುದರಿಂದ ಅರ್ಧ ಸೇತುವೆ ಒಬ್ಬ ಪ್ರತಿನಿಧಿಯದು, ಇನ್ನರ್ಧ ಇನ್ನೊಬ್ಬರದು. ಇಪ್ಪತ್ತೆರಡು ವರ್ಷಗಳಿಂದ ಇಬ್ಬರೂ ಒಬ್ಬರಿಗೊಬ್ಬರು “ನೀವು ಮೊದಲು” ಎನ್ನುತ್ತಿದ್ದಾರೆ. ಇಷ್ಟು ಮರ್ಯಾದೆ ರಾಜಕೀಯದಲ್ಲಿ ಇನ್ನೆಲ್ಲೂ ಕಂಡಿಲ್ಲ.

ಇವತ್ತು ಬೆಳಿಗ್ಗೆ ಈ ಪುಸ್ತಕದ ಪ್ರತಿ ಹಿಡಿದು ಅಣ್ಣನ ಮನೆಗೆ ಹೋಗಿದ್ದೆ. ಅವನು ಬಟಾಣಿ ಸುಲಿಯುತ್ತಿದ್ದ. ಕೊನೆಯ ಅಧ್ಯಾಯದಲ್ಲಿ ‘ಜನಸಂಖ್ಯೆ ಸಾಲದೆ ಕ್ಷೇತ್ರ ರದ್ದಾಯಿತು’ ಎಂದು ನಾನೇ ಬರೆದ ಸಾಲನ್ನು ಅವನು ಗಟ್ಟಿಯಾಗಿ ಓದಿದ. ಅದನ್ನು ಅವನ ಬಾಯಲ್ಲಿ ಕೇಳಿ ತಡೆಯಲಾಗಲಿಲ್ಲ. ಎಲ್ಲ ಹೇಳಿದೆ.

ಅವನು ಬೈಯಲಿಲ್ಲ. ಪುಸ್ತಕ ಮುಚ್ಚಿ ಪಕ್ಕಕ್ಕಿಟ್ಟ. ಆಮೇಲೆ, “ನಾನು ಗೆಲ್ತಿದ್ದೆನೋ ಇಲ್ವೋ, ಅದು ಬಿಡು. ನನಗೆ ಹೇಳಿ ಏನು ಪ್ರಯೋಜನ? ಆ ಆರು ಕಟ್ಟಡದವರಿಗೆ ಹೇಳು” ಎಂದ.

“ಸಂಜೆ ನೀನೂ ಬಾ” ಎಂದೆ.

“ನಾನು ಬಂದ್ರೆ ನೀನು ನನ್ನ ಮುಖ ನೋಡ್ಕೊಂಡು ಮಾತಾಡ್ತೀಯ. ಅವರ ಮುಖ ನೋಡಿ ಮಾತಾಡು.”

ಆದ್ದರಿಂದ ಅವನು ಬಂದಿಲ್ಲ. ಈ ವಾಚನಾಲಯದ ಸದಸ್ಯರಲ್ಲಿ ಹೆಚ್ಚಿನವರು ಆ ಕಟ್ಟಡಗಳವರೇ ಎಂದು ನನಗೆ ಗೊತ್ತು. ಹಿಂದಿನ ಸಾಲುಗಳಲ್ಲಿ ಕೂತಿರುವ ನಿಮಗೆ ಹೇಳುತ್ತಿದ್ದೇನೆ. ಆಗ ನೀವೆಲ್ಲ ಇಲ್ಲೇ ಇದ್ದಿರಿ. ಇದ್ದೀರೆಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ನಾನು ಸುಮ್ಮನಿದ್ದೆ. ತಪ್ಪು ನನ್ನದು.

ಕಾರ್ಯದರ್ಶಿಗಳು ಉಳಿದ ಪ್ರತಿಗಳ ಮಾರಾಟವನ್ನು ತಡೆಹಿಡಿಯಬೇಕೆಂದು ಕೋರುತ್ತೇನೆ. ಕೊನೆಯ ಅಧ್ಯಾಯವನ್ನು ಮತ್ತೆ ಬರೆದು ಕೊಡುತ್ತೇನೆ. ಸಭೆ ಮುಗಿದ ಮೇಲೆ ನಾನು ಬಾಗಿಲ ಪಕ್ಕದ ಬೆಂಚಿನಲ್ಲಿ ಕೂತಿರುತ್ತೇನೆ. ಯಾರಿಗೆ ಏನು ಕೇಳಬೇಕೋ, ಏನು ಅನ್ನಬೇಕೋ, ಅಲ್ಲಿಗೆ ಬನ್ನಿ. ಕೊನೆಯವರು ಹೋಗುವ ತನಕ ನಾನು ಏಳುವುದಿಲ್ಲ.

ಸಮಯ ಮೀರಿದರೂ ಚೀಟಿ ಕಳಿಸದ ಅಧ್ಯಕ್ಷರಿಗೆ, ಎದ್ದು ಹೋಗದೆ ಕೇಳಿದ ನಿಮಗೆ ಕೃತಜ್ಞಳು. ನಮಸ್ಕಾರ.